ಹಲಸೂರಿನ ಏಣಿ, ಅದನ್ನ ಹೊತ್ತವರು, ಮತ್ತೆ ನಮ್ಮ ಓರೆ ನೆಲ

ಮಾವು, ಹಲಸು ಇಳಿಸೋ ಕಾಲ ಬಂತು. ಇಳಿಜಾರು ನೆಲದಲ್ಲಿ ಏಣಿ ಹೆಂಗೆ ನಿಲ್ಲಿಸಬೇಕು, ಬಿದಿರಿನ ಏಣಿ ಒಳ್ಳೇದಾ ಅಲ್ಯೂಮಿನಿಯಂದು ಒಳ್ಳೇದಾ ಅಂತ ಸುಮಾರು ಜನ ಕೇಳ್ತಾ ಇದ್ದೀರಿ. ನಾಲ್ಕು ಸಾಲಲ್ಲಿ ಉತ್ತರ ಹೇಳಿ ಮುಗಿಸಬಹುದು. ಆದ್ರೆ ನಮ್ಮ ಬೆಂಗಳೂರಿನ ಪೂರ್ವ ಭಾಗಕ್ಕೂ ಏಣಿಗೂ ಇರೋ ನಂಟು ಇನ್ನೂರು ವರ್ಷಕ್ಕಿಂತ ಹಳೇದು. ಆ ಕಥೆ ಗೊತ್ತಾದ್ರೆ ಏಣಿ ಯಾಕೆ ಬೀಳುತ್ತೆ ಅನ್ನೋದೂ ಗೊತ್ತಾಗುತ್ತೆ. ಉದ್ದ ಆಗುತ್ತೆ, ಸಾವಕಾಶವಾಗಿ ಓದಿ.

ಏಣಿಗೆ ಹಳಗನ್ನಡದಲ್ಲಿ ನಿಚ್ಚಣಿಗೆ ಅಂತ ಇನ್ನೊಂದು ಹೆಸರಿದೆ. ನಮ್ಮ ಕಡೆ ಆ ಮಾತು ಈಗ ಯಾರೂ ಆಡಲ್ಲ. ಏಣಿ ಅಂದ್ರೆ ನಮಗೆ ಅಟ್ಟ, ಹುಲ್ಲಿನ ಮೆದೆ, ಹೆಂಚಿನ ಸೂರು, ಮರ. ಆದ್ರೆ ರಾಜರ ಕಾಲದಲ್ಲಿ ಏಣಿ ಅಂದ್ರೆ ಮೊದಲು ನೆನಪಿಗೆ ಬರ್ತಾ ಇದ್ದದ್ದು ಕೋಟೆ. ಕೋಟೆಗೆ ಲಗ್ಗೆ ಹತ್ತೋದು ಅಂತಾರಲ್ಲ, ಅದರಲ್ಲಿ ಹತ್ತೋ ಕೆಲಸ ಏಣಿ ಮೇಲೆ.

ಬೆಂಗಳೂರು ಕೋಟೆ ಕಥೆ ಎಲ್ಲರಿಗೂ ಅಷ್ಟಿಷ್ಟು ಗೊತ್ತು. 1537ರಲ್ಲಿ ಕೆಂಪೇಗೌಡರು ಮಣ್ಣಿನ ಕೋಟೆ ಕಟ್ಟಿಸಿದ್ರು. ಪೇಟೆಗೆ ಹಲಸೂರು, ಯಲಹಂಕ, ಕೆಂಗೇರಿ, ಆನೇಕಲ್ ಅಂತ ನಾಲ್ಕು ದಿಕ್ಕಿಗೆ ಬಾಗಿಲು. ನಮ್ಮ ಕಡೆಯವರು ಪೇಟೆಗೆ ಹೋಗ್ತಾ ಇದ್ದದ್ದು ಹಲಸೂರು ಬಾಗಿಲಿಂದ. ಈಗ ಬಾಗಿಲಿಲ್ಲ, ಹಲಸೂರು ಗೇಟ್ ಅನ್ನೋ ಹೆಸರು ಪೊಲೀಸ್ ಠಾಣೆ ಮೇಲೆ ಉಳಿದಿದೆ. ಪೇಟೆಯ ದಕ್ಷಿಣಕ್ಕಿದ್ದ ಕೋಟೆಯನ್ನ 1761ರಲ್ಲಿ ಹೈದರಾಲಿ ಕಲ್ಲಲ್ಲಿ ಕಟ್ಟಿಸಿದ. ಸುತ್ತಲೂ ಆಳವಾದ ಕಂದಕ.

1791ರ ಮಾರ್ಚ್‌ನಲ್ಲಿ ಕಾರ್ನ್‌ವಾಲಿಸ್ ಸೈನ್ಯ ಬಂತು. ಮಾರ್ಚ್ 7ಕ್ಕೆ ಪೇಟೆ ಬಿತ್ತು. ಆಮೇಲೆ ಎರಡು ವಾರ ಫಿರಂಗಿ ಹೊಡೆದು ಕೋಟೆ ಗೋಡೆಯಲ್ಲಿ ಒಂದು ಕಡೆ ಬಿರುಕು ಮಾಡಿದ್ರು. ಮಾರ್ಚ್ 21ರ ರಾತ್ರಿ, ಹನ್ನೊಂದು ಗಂಟೆ, ಒಳ್ಳೆ ಬೆಳದಿಂಗಳು. ಪಿಸುಮಾತಿನಲ್ಲೇ ಸನ್ನೆ ಕೊಟ್ಟು ಸದ್ದಿಲ್ಲದೆ ಹೊರಟರು, ಒಳಗಿದ್ದವರಿಗೆ ಗೊತ್ತಾಗೋ ಹೊತ್ತಿಗೆ ಏಣಿಗಳನ್ನ ಹೆಚ್ಚೂ ಕಡಿಮೆ ಒರಗಿಸಿಯೇ ಆಗಿತ್ತು ಅಂತ ಮೈಸೂರು ಇತಿಹಾಸ ಬರೆದ ವಿಲ್ಕ್ಸ್ ಹೇಳ್ತಾನೆ. ಕಿಲ್ಲೇದಾರ ಬಹಾದ್ದೂರ್ ಖಾನ್ ಕೊನೆಯವರೆಗೂ ಹೊಡೆದಾಡಿ ಸತ್ತ. ಗೋಡೆ ಒಡೆದ ಜಾಗದಲ್ಲಿ ಇವತ್ತೂ ಒಂದು ಕಲ್ಲಿನ ಫಲಕ ಇದೆ, ಕೆ.ಆರ್. ಮಾರ್ಕೆಟ್ ಕಡೆ ಹೋದಾಗ ನೋಡಬಹುದು. ಗೆದ್ದವರು ಹಾಕಿಸಿದ ಫಲಕ, ಗೆದ್ದವರ ಮಾತು.

ನಾನು ರೈತ, ಯುದ್ಧ ನನಗೆ ಗೊತ್ತಿಲ್ಲ. ಆದ್ರೆ ಏಣಿ ಗೊತ್ತು. ಫಿರಂಗಿ ಗುಂಡು ಬಿದ್ದು ಕಲ್ಲು, ಮಣ್ಣು ಕುಸಿದ ಗುಡ್ಡೆ ಮೇಲೆ, ರಾತ್ರಿ ಹೊತ್ತು, ಮೇಲಿಂದ ಗುಂಡು ಬರ್ತಾ ಇರುವಾಗ ಏಣಿ ನಿಲ್ಲಿಸೋದು ಅಂದ್ರೆ ಏನು ಅಂತ ಯೋಚನೆ ಮಾಡಿ. ನೆಲ ಮಟ್ಟ ಇರಲ್ಲ. ಕಾಲಿಡೋ ಕಲ್ಲು ಉರುಳುತ್ತೆ. ಕೈಯಲ್ಲಿ ಬಂದೂಕ ಹಿಡಿದವನು ಏಣಿ ಹೊರೋಕಾಗಲ್ಲ. ಏಣಿ ಹೊತ್ತವನಿಗೆ ಬಂದೂಕ ಹಿಡಿಯೋಕೆ ಕೈ ಇಲ್ಲ. ಹಾಗಾಗಿ ಈ ಕೆಲಸಕ್ಕೆ ಅಂತಲೇ ಬೇರೆ ಜನ ಇದ್ರು.

ಅವರೇ ಮದ್ರಾಸ್ ಪಯೋನಿಯರ್‌ಗಳು. 1780ರ ಸೆಪ್ಟೆಂಬರ್ 30ಕ್ಕೆ ಈ ಪಡೆ ಶುರುವಾಯ್ತು. ಸೈನ್ಯಕ್ಕಿಂತ ಮುಂದೆ ಹೋಗಿ ದಾರಿ ಮಾಡೋದು, ಹಳ್ಳಕ್ಕೆ ಸೇತುವೆ ಹಾಕೋದು, ಅಗೆಯೋದು, ಕಂದಕಕ್ಕೆ ಕಟ್ಟಿಗೆ ಹೊರೆ ಎಸೆಯೋದು, ಏಣಿ ಹೊರೋದು. ಬಹುಪಾಲು ತಮಿಳು, ತೆಲುಗು ಸೀಮೆಯ ಹಳ್ಳಿ ಜನ. ಗುದ್ದಲಿ, ಹಾರೆ ಹಿಡಿದು ಅಭ್ಯಾಸ ಇದ್ದವರು. ನಮ್ಮಂಥವರೇ ಅನ್ನಿ.

ಟಿಪ್ಪು ಸತ್ತ ಮೇಲೆ ಬ್ರಿಟಿಷರು ಶ್ರೀರಂಗಪಟ್ಟಣದಲ್ಲಿ ಸೈನ್ಯ ಇಟ್ಟಿದ್ರು. ಅಲ್ಲಿ ಜ್ವರ ವಿಪರೀತ. ಅದಕ್ಕೇ 1807ರಿಂದ 1809ರ ಒಳಗೆ ಹಲಸೂರು ಕಡೆ ದಂಡು ಕಟ್ಟಿದ್ರು. ನಮ್ಮ ಹಿರಿಯರು ಕಂಟೋನ್ಮೆಂಟ್ ಅಂತ ಹೇಳ್ತಾನೇ ಇರಲಿಲ್ಲ, ದಂಡು ಅಂತಾನೇ ಅಂತಿದ್ರು. ಹಲಸೂರು ಅನ್ನೋ ಹೆಸರು ಅಲ್ಲಿದ್ದ ಹಲಸಿನ ತೋಪಿಂದ ಬಂತು ಅಂತ ಹೇಳ್ತಾರೆ. ಪಯೋನಿಯರ್‌ಗಳ ಪಡೆ ಮುಂದೆ ಮದ್ರಾಸ್ ಸ್ಯಾಪರ್ಸ್ ಅಂಡ್ ಮೈನರ್ಸ್ ಆಗಿ, 1834ರಲ್ಲಿ ಬೆಂಗಳೂರನ್ನೇ ಮನೆ ಮಾಡಿಕೊಂಡಿತು. ಹಲಸೂರು ಕೆರೆ ಪಕ್ಕ ಇರೋ ಎಂ.ಇ.ಜಿ. ಅಂತ ನಾವೆಲ್ಲ ಕರೀತೀವಲ್ಲ, ಮದ್ರಾಸ್ ಎಂಜಿನಿಯರ್ ಗ್ರೂಪ್, ಅದು ಇದೇ ವಂಶ. ತಂಬಿಗಳು ಅನ್ನೋದು ಅವರ ಅಡ್ಡ ಹೆಸರು. ಅಂದ್ರೆ ಬೆಂಗಳೂರಲ್ಲಿ ಏಣಿ ಹೊರೋ ವಿದ್ಯೆಗೆ ಒಂದು ಠಿಕಾಣಿ ಇದ್ರೆ ಅದು ಹಲಸೂರು.

ಇದೇ ಪಡೆಯ ಜನ 1858ರಲ್ಲಿ ಝಾನ್ಸಿಗೆ ಹೋದ್ರು. ರಾಣಿ ಲಕ್ಷ್ಮೀಬಾಯಿ ಕೋಟೆ ಹಿಡಿದು ಕೂತಿದ್ದಳು. ಏಪ್ರಿಲ್ 3ರ ಬೆಳಗಿನ ಜಾವ ಊರ ಗೋಡೆಗೆ ಏಣಿ ಒರಗಿಸಿದ್ರು. ಕೆಲವು ಏಣಿ ಗಿಡ್ಡ ಆದ್ವು, ಗೋಡೆ ತಲೆ ಮುಟ್ಟಲಿಲ್ಲ. ಕೆಲವು ಒಂದೇ ಸಲ ಜನ ಹತ್ತಿದ ತೂಕಕ್ಕೆ ಮುರಿದು ಬಿದ್ವು. ಮೇಲಿಂದ ಕಲ್ಲು, ಮರದ ದಿಮ್ಮಿ, ಗುಂಡು ಸುರೀತಾ ಇತ್ತು. ಡಿಕ್, ಮೀಕ್ಲ್‌ಜಾನ್ ಅನ್ನೋ ಇಬ್ಬರು ಎಂಜಿನಿಯರ್ ಅಧಿಕಾರಿಗಳು ಮೇಲೆ ಹತ್ತಿದ ಮೇಲೆ ಸತ್ತರು. ಈ ಮದ್ರಾಸ್ ಸ್ಯಾಪರ್‌ಗಳ ಜೊತೆ ಇದ್ದ ಥಾಮಸ್ ಲೋ ಅನ್ನೋ ಡಾಕ್ಟರು ಆ ಯುದ್ಧದ ಬಗ್ಗೆ ಒಂದು ಪುಸ್ತಕವನ್ನೇ ಬರೆದ. ಅಧಿಕಾರಿಗಳ ಹೆಸರು ಚರಿತ್ರೆಯಲ್ಲಿ ಸುಲಭವಾಗಿ ಸಿಗುತ್ತೆ. ಏಣಿ ಹೊತ್ತು ತಂದು ಬುಡದಲ್ಲಿ ಹಿಡಿದುಕೊಂಡು ನಿಂತವರ ಹೆಸರು ಹಾಗೆ ಸಿಗಲ್ಲ.

ಆ ಏಣಿಗಳನ್ನ ನೋಡಿ ನನಗೆ ಹೊಳೆದದ್ದು ಇಷ್ಟು. ಒಂದು, ಅಳತೆ ತಪ್ಪಿದ್ದು. ಎರಡು, ಒಬ್ಬ ಹತ್ತೋ ಕಡೆ ಹತ್ತು ಜನ ಹತ್ತಿದ್ದು. ಯುದ್ಧದಲ್ಲಿ ಬೇರೆ ದಾರಿ ಇಲ್ಲ, ಗುಂಡು ಬರ್ತಾ ಇರುತ್ತೆ. ಮಾವಿನ ತೋಪಲ್ಲಿ ನಮ್ಮ ಮೇಲೆ ಯಾರು ಗುಂಡು ಹಾರಿಸ್ತಾ ಇದ್ದಾರೆ? ಆದ್ರೂ ನಾವು ಗಿಡ್ಡ ಏಣಿ ತಂದು ಕೊನೇ ಮೆಟ್ಟಿಲ ಮೇಲೆ ತುದಿಗಾಲಲ್ಲಿ ನಿಲ್ತೀವಿ. ಮೇಲೆ ಒಬ್ಬ ಇರುವಾಗಲೇ ಬುಟ್ಟಿ ಕೊಡೋಕೆ ಇನ್ನೊಬ್ಬ ಹತ್ತುತಾನೆ. ಲಾರಿ ಬಂದು ನಿಂತಿದೆ, ಮಂಡಿಗೆ ಹೊತ್ತಾಯ್ತು ಅಂತ.

ಈಗ ಓರೆ ನೆಲದ ವಿಚಾರ. ಇದಕ್ಕೆ ಒಂದು ಸಣ್ಣ ಲೆಕ್ಕ ಇದೆ, ಎಸ್ಸೆಸ್ಸೆಲ್ಸಿ ಲೆಕ್ಕ ಸಾಕು. ಏಣಿಯ ಬುಡದ ಅಗಲ ಒಂದೂವರೆ ಅಡಿ ಅಂದ್ರೆ 18 ಇಂಚು ಅಂತ ಇಟ್ಕೊಳ್ಳಿ. ಒಂದು ಕಾಲು ಇನ್ನೊಂದಕ್ಕಿಂತ ಬರೀ 2 ಇಂಚು ತಗ್ಗಲ್ಲಿದೆ. ಎರಡಿಂಚು ಏನು ಮಹಾ ಅನ್ಸುತ್ತೆ. 18ಕ್ಕೆ 2 ಅಂದ್ರೆ ಒಂಬತ್ತಕ್ಕೆ ಒಂದು ಓರೆ. 15 ಅಡಿ ಏಣಿ ಅಂದ್ರೆ 180 ಇಂಚು, ಅದರ ತುದಿ 20 ಇಂಚು ಪಕ್ಕಕ್ಕೆ ಹೋಗಿರುತ್ತೆ. ಬುಡದಲ್ಲಿ ಎರಡು, ತುದಿಯಲ್ಲಿ ಇಪ್ಪತ್ತು. ಇನ್ನೂ ಮುಖ್ಯವಾದದ್ದು, ಬುಡದ ಅರ್ಧ ಅಗಲ 9 ಇಂಚು ತಾನೇ? ಆ ಓರೆಯಲ್ಲಿ 81 ಇಂಚು, ಅಂದ್ರೆ ಸುಮಾರು ಆರೂಮುಕ್ಕಾಲು ಅಡಿ ಹತ್ತೋ ಹೊತ್ತಿಗೆ ನಿಮ್ಮ ತೂಕ ತಗ್ಗಿನ ಕಾಲಿನ ನೇರಕ್ಕೆ ಬಂದಿರುತ್ತೆ. ಅದರ ಮೇಲೆ ಹತ್ತಿದ ಪ್ರತಿ ಮೆಟ್ಟಿಲೂ ಏಣಿಯ ಆಚೆ. ಅಲ್ಲಿಂದ ಮುಂದೆ ಏಣಿ ನಿಮ್ಮನ್ನ ಹಿಡಿದಿಲ್ಲ, ಮೇಲಿನ ಕೊಂಬೆ ಹಿಡಿದಿದೆ. ಆ ಕೊಂಬೆ ದುಂಡಗಿದೆ, ನುಣುಪಾಗಿದೆ. ಹಣ್ಣಿನ ಭಾರಕ್ಕೆ ಬಾಗಿಯೂ ಇದೆ. ಗೊಂಚಲು ಕತ್ತರಿಸಿದ ತಕ್ಷಣ ಕೊಂಬೆ ಮೇಲಕ್ಕೆ ಚಿಮ್ಮುತ್ತೆ, ಏಣಿ ಜಾರುತ್ತೆ. ಮರ ತಳ್ಳಿತು ಅಂತ ಹಳಬರು ಅಂತಿದ್ರು. ತಳ್ಳಿದ್ದು ನಿಜವೇ.

ನಮ್ಮ ತೋಟಗಳಲ್ಲಿ ಮಟ್ಟದ ನೆಲ ಎಲ್ಲಿದೆ ಹೇಳಿ? ಮರದ ಬುಡಕ್ಕೆ ಪಾತಿ ಮಾಡಿರ್ತೀವಿ, ಏಣಿ ಒಂದು ಕಾಲು ಪಾತಿ ಏರಿ ಮೇಲೆ, ಇನ್ನೊಂದು ಪಾತಿ ಒಳಗೆ. ಹೆಗ್ಗಣದ ಬಿಲ ಬೇರೆ. ಮೊದಲ ಮಳೆ ಬಿದ್ದ ಮೇಲೆ ಕೆಂಪು ಮಣ್ಣು ಮೇಲೆ ಗಟ್ಟಿ ಕಾಣುತ್ತೆ, ಒಳಗೆ ಮೆತ್ತಗೆ. ಹತ್ತುವಾಗ ಸರಿ ಇದ್ದ ಏಣಿ, ಮೇಲೆ ಹೋದ ಮೇಲೆ ಒಂದು ಕಡೆ ಇಳಿಯುತ್ತೆ.

ಇದಕ್ಕೆ ನಮ್ಮವರು ಮಾಡೋದು ತಗ್ಗಿನ ಕಾಲಿಗೆ ಒಂದು ಇಟ್ಟಿಗೆ, ಇಲ್ಲ ಚಪ್ಪಟೆ ಕಲ್ಲು ಕೊಡೋದು. ಇದು ಬೇಡವೇ ಬೇಡ. ಏಣಿ ಅಲುಗಿದಾಗ ಇಟ್ಟಿಗೆ ಹೊರಳುತ್ತೆ. ಕೊಡಬೇಕಾದ್ದು ಕಲ್ಲಲ್ಲ, ತೆಗೆಯಬೇಕಾದ್ದು ಮಣ್ಣು. ಎತ್ತರದ ಕಡೆ ಗುದ್ದಲಿಯಲ್ಲಿ ಒಂದು ಗುಳಿ ತೋಡಿ ಆ ಕಾಲನ್ನ ಇಳಿಸಬೇಕು. ತೋಡಿದ ನೆಲ ಮಿಸುಕಲ್ಲ, ಗುಳಿಯ ಅಂಚು ಕಾಲನ್ನ ಜಾರದ ಹಾಗೂ ಹಿಡಿಯುತ್ತೆ. ಕೆಲಸ ಎರಡು ನಿಮಿಷದ್ದು. ಗುದ್ದಲಿ, ಹಾರೆ ಹಿಡಿದ ಜನಕ್ಕೇ ಏಣಿಯನ್ನೂ ಹೊರಿಸಿದ್ರು ಅಂತ ಮೇಲೆ ಹೇಳಿದೆನಲ್ಲ, ಎರಡೂ ಕೆಲಸ ಒಂದೇ ಕೈಯದ್ದು ಅಂತ ನನಗನ್ಸುತ್ತೆ. ಮೆತ್ತನೆ ನೆಲ ಆದ್ರೆ ಎರಡೂ ಕಾಲಿನ ಕೆಳಗೆ ಅಡ್ಡಕ್ಕೆ ಒಂದೇ ಉದ್ದನೆ ಹಲಗೆ ಹಾಕಿ, ಎರಡು ಬೇರೆ ಬೇರೆ ತುಂಡು ಬೇಡ.

ಮುಂದಕ್ಕೆ ಎಷ್ಟು ಒರಗಿಸಬೇಕು ಅನ್ನೋದು ಸುಲಭ. ನಾಲ್ಕು ಮೊಳ ಮೇಲೆ ಹೋದ್ರೆ ಬುಡ ಒಂದು ಮೊಳ ಆಚೆ. ಏಣಿಯ ಕಾಲಿಗೆ ನಿಮ್ಮ ಕಾಲ ಬೆರಳು ತಾಗಿಸಿ ನೆಟ್ಟಗೆ ನಿಂತು ಕೈ ಮುಂದಕ್ಕೆ ಚಾಚಿದ್ರೆ ಅಂಗೈಗೆ ಮೆಟ್ಟಿಲು ಸಿಗಬೇಕು. ಸಿಗದಿದ್ರೆ ತೀರ ಮಲಗಿದೆ, ಮೊಣಕೈ ಮಡಚಬೇಕಾದ್ರೆ ತೀರ ನೆಟ್ಟಗಿದೆ.

ಓರೆ ನೆಲದ ಮಾತು ಬಂದಾಗ ಲ್ಯಾಂಬ್ಟನ್ ಹೆಸರು ಹೇಳದೆ ಇರೋಕಾಗಲ್ಲ. ಇಡೀ ಇಂಡಿಯಾ ಅಳೆದ ದೊಡ್ಡ ಸರ್ವೆ 1802ರಲ್ಲಿ ಮದ್ರಾಸಲ್ಲಿ ಶುರುವಾಯ್ತು ಅಂತ ಪುಸ್ತಕಗಳಲ್ಲಿ ಇರುತ್ತೆ. ಅದಕ್ಕೂ ಮುಂಚೆ 1800ರಲ್ಲೇ ವಿಲಿಯಂ ಲ್ಯಾಂಬ್ಟನ್ ಬೆಂಗಳೂರಿನ ಬಯಲಲ್ಲಿ ಸುಮಾರು ಏಳೂವರೆ ಮೈಲಿ ಗೆರೆಯನ್ನ ನೂರು ಅಡಿ ಉಕ್ಕಿನ ಸರಪಳಿ ಹಿಡಿದು ಅಳೆದಿದ್ದ. ಸರಪಳಿಯನ್ನ ನೆಲದ ಮೇಲೆ ಬಿಟ್ಟರೆ ಏರಿಳಿತಕ್ಕೆ ಅಳತೆ ಕೆಡುತ್ತೆ. ಅದಕ್ಕೆ ಮರದ ಉದ್ದನೆ ತೊಟ್ಟಿಗಳಲ್ಲಿ ಸರಪಳಿ ಮಲಗಿಸಿ, ಆ ತೊಟ್ಟಿಗಳನ್ನ ಮುಕ್ಕಾಲಿ ಮೇಲಿಟ್ಟು ತಿರುಪಿನಿಂದ ಮಟ್ಟ ಮಾಡೋದು ಅವನ ವಿಧಾನ. ಯಾಕೆ ಮುಕ್ಕಾಲಿ? ಮೂರು ಕಾಲು ಎಂಥ ನೆಲದಲ್ಲೂ ಅಲ್ಲಾಡದೆ ಕೂರುತ್ತೆ. ನಾಲ್ಕು ಕಾಲಿದ್ರೆ ಒಂದು ಯಾವಾಗಲೂ ಗಾಳಿಯಲ್ಲಿ. ನಮ್ಮ ಅವ್ವಂದಿರು ಮೂರೇ ಕಲ್ಲಿಟ್ಟು ಒಲೆ ಹೂಡ್ತಿದ್ದದ್ದೂ ಅದಕ್ಕೇ. 1804ರಲ್ಲಿ ಬೆಂಗಳೂರಲ್ಲಿ ಇನ್ನೊಂದು ಗೆರೆ ಅಳೆದು, ಮದ್ರಾಸಿಂದ ತ್ರಿಕೋನ ಹಾಕಿಕೊಂಡು ಬಂದ ಲೆಕ್ಕಕ್ಕೆ ತಾಳೆ ನೋಡಿದ್ರು. ವ್ಯತ್ಯಾಸ ನಾಲ್ಕು ಇಂಚೂ ಇರಲಿಲ್ಲ!

ಅಷ್ಟು ಜೋಪಾನದ ಮನುಷ್ಯನಿಗೂ ಎತ್ತರ ಒಂದು ಪಾಠ ಕಲಿಸ್ತು. 1808ರಲ್ಲಿ ತಂಜಾವೂರಿನ ದೊಡ್ಡ ದೇವಸ್ಥಾನದ ಗೋಪುರದ ಮೇಲಕ್ಕೆ ಅರ್ಧ ಟನ್ ತೂಕದ ಅಳತೆ ಯಂತ್ರ ಏರಿಸುವಾಗ, ಅದು ಗೋಡೆಗೆ ತಾಗದಂತೆ ಎಳೆದು ಹಿಡಿದಿದ್ದ ಹಗ್ಗ ಕಿತ್ತು, ಯಂತ್ರ ಗೋಡೆಗೆ ಬಡಿದು ಸೊಟ್ಟಗಾಯ್ತು. ಅದನ್ನ ಬಿಚ್ಚಿ ಸರಿ ಮಾಡೋಕೆ ಆರು ವಾರ ಹಿಡೀತು.

ಈ ಮುಕ್ಕಾಲಿ ಬುದ್ಧಿಯ ಏಣಿಯೇ ಇದೆ. ಜಪಾನಿನ ತೋಟದವರು, ಅಮೆರಿಕದ ಸೇಬಿನ ತೋಟದವರು ಬಳಸೋದು ಮೂರು ಕಾಲಿನ ಏಣಿ. ಹತ್ತೋ ಕಡೆ ಅಗಲವಾಗಿ ಎರಡು ಕಾಲು, ಆಚೆ ಕಡೆ ಒಂದೇ ಒಂದು ಗಳ. ಆ ಗಳವನ್ನ ಕೊಂಬೆಗಳ ಸಂದಿಯಲ್ಲಿ ತೂರಿಸಿ ಇಳಿಜಾರಿನ ಮೇಲ್ಗಡೆಗೆ ಊರ್ತಾರೆ. ಕೊಂಬೆಗೆ ಒರಗಿಸೋ ಪ್ರಶ್ನೆಯೇ ಇಲ್ಲ. ನಮ್ಮಲ್ಲಿ ಎರಡು ಗಳದ ಏಣಿಗೆ ಮೂರನೇ ಗಳ ಕಟ್ಟಿಸಿಕೊಳ್ಳೋದು ಕಷ್ಟದ ಕೆಲಸ ಅಲ್ಲ. ಮೇಲ್ಗಡೆ ಬೋಲ್ಟ್ ಹಾಕಬೇಕು, ಮೂರು ಗಳ ಹರಡದ ಹಾಗೆ ನಡುವೆ ಹಗ್ಗ ಬಿಗೀಬೇಕು, ಅಷ್ಟೇ. ಕಾಂಕ್ರೀಟ್ ನೆಲ, ಟೈಲ್ಸ್ ಮೇಲೆ ಮಾತ್ರ ಇದನ್ನ ಇಡಬೇಡಿ, ಕಾಲು ಜಾರಿ ಹರಡುತ್ತೆ. ಇದು ಮಣ್ಣಿನ ಏಣಿ.

ಬಿದಿರಾ ಅಲ್ಯೂಮಿನಿಯಂ ಆ ಅನ್ನೋ ಪ್ರಶ್ನೆ. ಶಿವಾಜಿನಗರದ ಹತ್ತಿರ ಬ್ಯಾಂಬೂ ಬಜಾರ್ ಅಂತ ಇದೆ. ದಂಡಿನ ರೈಲ್ವೆ ಸ್ಟೇಷನ್ ದೂರ ಇಲ್ಲ. ಜೋಲಾರಪೇಟೆಯಿಂದ ಆ ಸ್ಟೇಷನ್ನಿಗೆ 1864ರಲ್ಲಿ ರೈಲು ಬಂತು. ಗಳ, ಏಣಿ, ಚಪ್ಪರದ ಸಾಮಾನು ಬೇಕು ಅಂದ್ರೆ ನಮ್ಮ ಕೆ.ಆರ್. ಪುರದ ಕಡೆಯವರೂ ಅಲ್ಲಿಗೇ ಹೋಗ್ತಿದ್ರು. ಬಿದಿರು ಆರಿಸುವಾಗ ಕಿರುಬಿದಿರು ನೋಡಿ, ಒಳಗೆ ಹೆಚ್ಚು ಕಡಿಮೆ ಗಟ್ಟಿ ಇರುತ್ತೆ. ಹೆಬ್ಬಿದಿರು ದಪ್ಪ ಕಾಣುತ್ತೆ, ಒಳಗೆ ಪೊಳ್ಳು ಜಾಸ್ತಿ. ಗಳದ ಮೇಲೆ ಸಣ್ಣ ಸಣ್ಣ ತೂತು ಇದ್ದು ಹಿಟ್ಟಿನಂಥ ಪುಡಿ ಉದುರ್ತಾ ಇದ್ರೆ ಹುಳ ಬಿದ್ದಿದೆ ಅಂತ, ಬಿಟ್ಟುಬಿಡಿ. 2017ರಲ್ಲಿ ಕಾನೂನು ತಿದ್ದಿ, ಕಾಡಿನ ಹೊರಗೆ ಬೆಳೆದ ಬಿದಿರನ್ನ ಮರದ ಲೆಕ್ಕದಿಂದ ತೆಗೆದ್ರು. ಬದುವಿನ ಮೇಲೆ ನಾಲ್ಕು ಮೆಳೆ ಬೆಳೆಸಿಕೊಂಡ್ರೆ ಏಣಿಗೆ ಪೇಟೆಗೆ ಹೋಗೋದೇ ಬೇಡ.

ಅಲ್ಯೂಮಿನಿಯಂ ಹಗುರ, ಹುಳ ಬೀಳಲ್ಲ, ಒಪ್ಪಿದೆ. ಆದ್ರೆ ಕರೆಂಟು. 1905ರ ಆಗಸ್ಟ್ 5ಕ್ಕೆ ಬೆಂಗಳೂರಿನ ಬೀದಿಗೆ ಶಿವನಸಮುದ್ರದ ಕರೆಂಟು ದೀಪ ಬಂತು. ಅದಕ್ಕೆ ಮುಂಚೆ ಸೀಮೆಎಣ್ಣೆ ದೀಪದ ಕಂಬ, ಸಂಜೆ ಏಣಿ ಹೆಗಲ ಮೇಲಿಟ್ಟುಕೊಂಡು ಹಚ್ಚೋಕೆ ಬರೋ ಮನುಷ್ಯ. ಅವನಿಗೆ ಜಾರಿ ಬೀಳೋ ಭಯ ಒಂದೇ ಇತ್ತು. ಈಗ ನಮ್ಮ ತೋಟದ ಮೇಲೆ ಪಂಪ್‌ಸೆಟ್ ಲೈನು ಜೋತು ಬಿದ್ದಿರುತ್ತೆ, ಎಲೆ ಸಂದಿಯಲ್ಲಿ ಕಾಣಲ್ಲ. ನೆಟ್ಟಗೆ ನಿಲ್ಲಿಸಿದ ಅಲ್ಯೂಮಿನಿಯಂ ಏಣಿ ಹೊತ್ತು ಒಂದು ಮರದಿಂದ ಇನ್ನೊಂದಕ್ಕೆ ನಡೆಯೋದು ಜೀವಕ್ಕೇ ಸಂಚಕಾರ. ಮಲಗಿಸಿ ಹೊತ್ತುಕೊಂಡು ಹೋಗಿ. ಲೈನು ಹತ್ತಿರ ಇರೋ ಮರಕ್ಕೆ ಅದನ್ನ ಒಯ್ಯಲೇಬೇಡಿ. ಹಸಿ ಬಿದಿರೂ ಕರೆಂಟು ಎಳೆಯುತ್ತೆ, ಬಿದಿರು ಅಂತ ಧೈರ್ಯ ಬೇಡ.

ಹಲಸೂರಿನ ಸ್ಯಾಪರ್‌ಗಳ ವಿಷಯದಲ್ಲಿ ನನಗೆ ಬಹಳ ಹಿಡಿಸಿದ್ದು 1912ರ ಸಂಗತಿ. ಮ್ಯಾಕ್ಲಿಂಟಾಕ್ ಅನ್ನೋ ಕ್ಯಾಪ್ಟನ್ ಬೆಂಗಳೂರಲ್ಲೇ ಒಂದು ಸಾಧನ ಮಾಡಿದ. ಮದ್ದು ತುಂಬಿದ ಕೊಳವೆಗಳು, ಒಂದಕ್ಕೊಂದು ಸಿಕ್ಕಿಸಿ ಉದ್ದ ಮಾಡಿಕೊಂಡು ಮುಳ್ಳುತಂತಿ ಕೆಳಗೆ ತಳ್ಳಬಹುದು. ಸೈನಿಕ ಮರೆಯಲ್ಲೇ ಇರ್ತಾನೆ, ಕೊಳವೆ ಮುಂದೆ ಹೋಗುತ್ತೆ. ಇವತ್ತಿಗೂ ಪ್ರಪಂಚದ ಸೈನ್ಯಗಳಲ್ಲಿ ಅದರ ಹೆಸರು ಬೆಂಗಳೂರು ಟಾರ್ಪಿಡೊ. 1944ರಲ್ಲಿ ಫ್ರಾನ್ಸಿನ ನಾರ್ಮಂಡಿ ದಡದಲ್ಲೂ ಬಳಸಿದ್ರು. ಅಪಾಯದ ಜಾಗಕ್ಕೆ ಮನುಷ್ಯನನ್ನ ಕಳಿಸೋ ಬದಲು ಕೋಲನ್ನ ಉದ್ದ ಮಾಡೋದು. ಅರೆ, ಇದು ನಮ್ಮ ದೋಟಿ ಅಲ್ವಾ ಅನ್ಸಿತು! ದೋಟಿ ತುದಿಗೆ ಬಲೆ ಚೀಲ, ಒಂದು ಚಿಕ್ಕ ಕುಡುಗೋಲು ಕಟ್ಟಿಕೊಂಡ್ರೆ ಹದಿನೈದು ಅಡಿ ಮರದ ಮುಕ್ಕಾಲು ಪಾಲು ಹಣ್ಣು ನೆಲದ ಮೇಲೆ ನಿಂತೇ ಬರುತ್ತೆ. ಮರವನ್ನ ಸವರಿ ಸವರಿ ಗಿಡ್ಡ ಇಟ್ಟುಕೊಂಡ್ರೆ ಇನ್ನೂ ಒಳ್ಳೇದು. ಈಗಿನವರು ಒತ್ತೊತ್ತಾಗಿ ನೆಟ್ಟು ಗಿಡ್ಡ ಬೆಳೆಸ್ತಾರೆ. ಇಳುವರಿ ಬಗ್ಗೆ ಬೇಕಾದಷ್ಟು ಮಾತಾಡ್ತಾರೆ, ಏಣಿ ಬೇಡ ಅನ್ನೋ ಲಾಭ ಯಾರೂ ಹೇಳಲ್ಲ.

ಹಲಸಿಗೆ ಮಾತ್ರ ದೋಟಿ ನಡೆಯಲ್ಲ. ಹತ್ತು ಹದಿನೈದು ಕೆಜಿ ಕಾಯಿ ತಲೆ ಮೇಲೆ ಬೀಳೋದು ಬೇಡ. ಹಗ್ಗ ಕಟ್ಟಿ ಇಳಿಸಬೇಕು, ಹತ್ತಲೇಬೇಕು. ಈಚಲು ಮರ ಹತ್ತಿ ಹೆಂಡ ಇಳಿಸ್ತಿದ್ದವರು ಸೊಂಟಕ್ಕೂ ಮರಕ್ಕೂ ಸೇರಿಸಿ ಹಗ್ಗದ ಬಳೆ ಹಾಕ್ಕೊಳ್ತಿದ್ರಲ್ಲ, ಅದನ್ನ ಹಲಸಿಗೂ ಮಾಡಿ. ಎರಡೂ ಕೈ ಕೆಲಸಕ್ಕೆ ಸಿಗುತ್ತೆ, ಕಾಲು ಜಾರಿದ್ರೂ ನೆಲಕ್ಕೆ ಬರಲ್ಲ.

ಪಕ್ಕದೂರಲ್ಲಿ ಮೂರು ವರ್ಷದ ಹಿಂದೆ ಹಲಸು ಕೀಳೋಕೆ ಬಂದ ಹುಡುಗ ಏಣಿ ಸಮೇತ ಬಿದ್ದ. ಇಪ್ಪತ್ತೆರಡೋ ಇಪ್ಪತ್ಮೂರೋ ವಯಸ್ಸು. ಬೆನ್ನುಮೂಳೆ. ಫಸಲು ಗುತ್ತಿಗೆ ಕೊಟ್ಟ ಮೇಲೆ ನನಗೇನು ಸಂಬಂಧ ಅಂದ್ರು ತೋಟದವರು. ಮರ ಅವರದ್ದು, ಏಣಿ ಅವರದ್ದು ಅಂದ ಗುತ್ತಿಗೆದಾರ. ಇಬ್ಬರೂ ಸೇರಿ ಆಸ್ಪತ್ರೆಗೆ ಸ್ವಲ್ಪ ಕೊಟ್ಟು ಕೈ ತೊಳ್ಕೊಂಡ್ರು. ಅಟ್ಟ ಹತ್ತಿಸಿ ಏಣಿ ತೆಗೆಯೋದು ಅಂತಾರಲ್ಲ, ಅದು ಬರೀ ಗಾದೆ ಅಲ್ಲ. ಈಗ ಆ ಹುಡುಗ ಕೂತೇ ಮಾಡೋ ಕೆಲಸ ಹುಡುಕ್ತಾ ಇದ್ದಾನೆ.

ಈ ವರ್ಷ ಫಸಲು ಗುತ್ತಿಗೆ ಮಾತಾಡುವಾಗ ನಾನು ಚೀಟಿಯಲ್ಲಿ ಎರಡು ಸಾಲು ಸೇರಿಸಿದೆ. ಏಣಿ, ಹಗ್ಗ ನನ್ನದು, ಹತ್ತೋ ಮುಂಚೆ ನಾನೇ ನೋಡಿ ಕೊಡ್ತೀನಿ. ಮರದ ಮೇಲೆ ಒಬ್ಬ ಇರೋವರೆಗೂ ಬುಡ ಹಿಡಿಯೋಕೆ ಒಬ್ಬ ಇರಲೇಬೇಕು, ಅವನಿಗೆ ಹಣ್ಣು ಆಯೋ ಕೆಲಸ ಹೇಳೋ ಹಾಗಿಲ್ಲ, ಅವನ ಕೂಲಿ ಇಬ್ಬರಿಗೂ ಅರ್ಧರ್ಧ. ಸುಮ್ಮನೆ ನಿಂತವನಿಗೆ ಕೂಲಿ ಯಾಕೆ ಅಂತ ಗುತ್ತಿಗೆದಾರರು ಗೊಣಗಿದ್ರು. ಹಾಗಾದ್ರೆ ನೀವೇ ಹತ್ತಿ, ನಾನು ಹಿಡ್ಕೊಳ್ಳಲ್ಲ ಅಂದೆ. ನಕ್ಕು ಸೈನು ಹಾಕಿದ್ರು.